ಜೀಪಿನಲ್ಲಿ ನನ್ನ ದನಿ

ನವೆಂಬರ್ 17, ಸೋಮವಾರ

ಬೆಳಿಗ್ಗೆಯಿಂದ ಸೀರೆಗೆ ಫಾಲ್, ಅಂಚಿಗೆ ಪಿಕೋ, ಮತ್ತೆ ಫಾಲ್. ಮದುವೆ ಸೀಸನ್. ಅಂಗಡಿಯವರಿಗೆ ಎಲ್ಲ ಸೀರೆಯೂ ಸಂಜೆಯೊಳಗೇ ಬೇಕು. ಮಷಿನ್ನಿನ ಸೂಜಿ ಮತ್ತೆ ಮುರಿಯಿತು. ಕೈ ಮಷಿನ್ನಿನ ಮೇಲೆ, ಕಿವಿ ಬೀದಿಯಲ್ಲಿ... ಸೂಜಿ ಮುರಿಯದೆ ಏನು ಮಾಡೀತು.

ಇವರು ಆಟಕ್ಕೆ ಹೋಗಿ ವಾರವಾಯಿತು. ‘ಸಿಕ್ಕರೆ ಸೋತೆ’. ಮೊಬೈಲಿನಲ್ಲಿ ಬರುವ ಶೋ. ನೂರು ಜನ ಬಾಗಲಕೋಟೆ, ಬಾದಾಮಿ, ಹುನಗುಂದ, ಇಳಕಲ್ — ಈ ನಾಲ್ಕು ತಾಲೂಕಿನೊಳಗೆ ಎಲ್ಲಿಯಾದರೂ ಅಡಗಬೇಕು. ಯಾರ ಮನೆಗೂ ಹೋಗುವಂತಿಲ್ಲ. ಫೋನ್ ಇಲ್ಲ. ಕೈಗೊಂದು ಬ್ಯಾಂಡ್, ಎಲ್ಲಿದ್ದಾರೆ ಅಂತ ಶೋದವರಿಗಷ್ಟೇ ತೋರಿಸುವಂಥದ್ದು. ಶೋದವರು ಅಲ್ಲಲ್ಲಿ ಬಚ್ಚಿಟ್ಟ ಊಟದ ಪೊಟ್ಟಣ ಹುಡುಕಿಕೊಂಡು ತಿನ್ನಬೇಕು. ಅವರನ್ನು ಹುಡುಕುವವರು ಯಾರು ಅಂದರೆ, ಊರಿಗೆ ಊರೇ. ಅಡಗಿದವರ ಫೋಟೊ ತೆಗೆದು ಆ್ಯಪಿಗೆ ಹಾಕಿದವರಿಗೆ ಐವತ್ತು ಸಾವಿರ. ಕೊನೆಯವರೆಗೂ ಸಿಗದ ಒಬ್ಬರಿಗೆ ಒಂದು ಕೋಟಿ.

ಸಾಲವಿಲ್ಲ, ತಾಪತ್ರಯವಿಲ್ಲ. ಹೋಗಬೇಕೆನಿಸಿತು, ಹೋದರು. ಸ್ವಂತ ಗ್ರಾನೈಟ್ ಪಾಲಿಶ್ ಮಷಿನ್ ಹಾಕುವ ಆಸೆ. ನಾನು ಬೇಡ ಅಂದೆ. “ಇಷ್ಟ ವರ್ಷ ಖಣ್ಯಾಗ ಡ್ರಿಲ್ ಹಿಡದೇನಿ. ಕಲ್ಲಾಗ ಅಡಗಾಕ ನನಗ ಹೇಳಿಕೊಡಬೇಕೇನು?” ಅಂತ ನಕ್ಕರು. ಬಾಗಿಲಲ್ಲಿ ಚಪ್ಪಲಿ ಮೆಟ್ಟುತ್ತ ಇನ್ನೊಂದು ಮಾತು — “ನೀ ಬಂದು ಕರದ್ರೂ ನಾ ಹೊರಗ ಬರಂಗಿಲ್ಲ, ನೋಡ್ಕೋ.”

ನಗುವ ಮಾತೇ. ನಾನು ನಗಲಿಲ್ಲ.

ನವೆಂಬರ್ 19, ಬುಧವಾರ

ಶೋದ ಹುಡುಗಿ ಬಂದಿದ್ದಳು, ವಿದ್ಯಾ ಅಂತ. ಜೊತೆಗೆ ಕ್ಯಾಮೆರಾದವರು. ಫ್ಯಾಮಿಲಿ ಮೆಸೇಜ್ ಅಂತೆ. ಅತ್ತೆ ಹೊಸ ಸೀರೆ ಉಟ್ಟು ನನಗಿಂತ ಮುಂದೆ ಕೂತರು.

ವಿದ್ಯಾ ಮೈಕ್ ಸಿಕ್ಕಿಸುತ್ತ, “ಅಕ್ಕಾ, ಹೆಸರು ಹಿಡಿದು ಕರೀರಿ. ಅರ್ಷದ, ಹೊರಗ ಬಾ ಅಂತ ಅನ್ರಿ” ಅಂದಳು.

“ಹೆಸರ ಹಿಡಿಯಂಗಿಲ್ರಿ ನಾವು.”

“ಒಂದ ಸಲ ಅಷ್ಟ ಅಕ್ಕಾ.”

ನಾನು ಏನೂ ಹೇಳುವ ಮೊದಲೇ ಅತ್ತೆ ಗದರಿದರು. “ಗಂಡನ ಹೆಸರ ಹೇಳಿದ್ರ ಅವನ ಆಯುಷ್ಯ ಕಡಿಮಿ ಆಗ್ತದವಾ. ಮದ್ಲ ಎಲ್ಲಿ ಅದಾನೋ ಏನೋ.”

“ಮತ್ತ ಮನ್ಯಾಗ ಹೆಂಗ ಕರೀತೀರಿ?”

“ಏನ್ರೀ ಅಂತೇನಿ.”

“ಹಂಗಾದ್ರ ಅದನ್ನ ಅನ್ರಿ.”

ಅಂದೆ. ಅನ್ನುವಾಗ ಇವರು ಕಲ್ಲಿನ ಮೇಲೆ ಮಲಗಿರುವುದು ಕಣ್ಣ ಮುಂದೆ ಬಂತು, ದನಿ ತಾನೇ ಒಡೆಯಿತು. “ಏನ್ರೀ... ಸಾಕ್ರಿ. ಮನಿಗೆ ಬರ್ರಿ. ಅತ್ತಿಗೆ ಆರಾಮಿಲ್ಲ.” ಕೊನೆಯ ಮಾತು ಅವಳೇ ಹೇಳಿಕೊಟ್ಟದ್ದು. ಅತ್ತೆ ಪಕ್ಕದಲ್ಲೇ ಗುಂಡುಕಲ್ಲಿನಂತೆ ಕೂತಿದ್ದರು. ವಿದ್ಯಾ ‘ಸೂಪರ್ ಅಕ್ಕಾ’ ಅಂದು ಕೈ ಕುಲುಕಿ ಹೋದಳು.

ನವೆಂಬರ್ 21, ಶುಕ್ರವಾರ

ಬಸ್‌ಸ್ಟ್ಯಾಂಡ್ ಹತ್ತಿರ, ಸೀರೆ ಗಂಟು ಕಂಕುಳಲ್ಲಿ. ಎಲ್ಲಿಂದಲೋ ನನ್ನ ದನಿ. “ಏನ್ರೀ...”

ಶೋದ ಜೀಪು. ಮೇಲೆ ಎರಡು ಸ್ಪೀಕರ್. ನಾನು ಅಳುವುದು ಇಳಕಲ್ಲಿಗೆಲ್ಲ ಕೇಳುತ್ತಿತ್ತು. ಕಬ್ಬಿನ ಹಾಲಿನ ಗಾಡಿಯ ಹತ್ತಿರ ನಿಂತಿದ್ದ ಪಡ್ಡೆಗಳು ಹಾಗೇ ಅಣಕಿಸಿದರು. ಏನ್ರೀ, ಮನಿಗೆ ಬರ್ರಿ. ಬುರ್ಖಾದೊಳಗೆ ಬೆವರಿಳಿಯಿತು. ನಾನೇ ಅವಳು ಅಂತ ಗೊತ್ತಾಗದ್ದಕ್ಕೆ ಅಲ್ಲಾಹನಿಗೆ ಶುಕ್ರ್ ಹೇಳಿದೆ.

ಮನೆಗೆ ಬಂದು ವಿದ್ಯಾಗೆ ಫೋನ್. “ಅದು ಟಾಸ್ಕ್ ಅಕ್ಕಾ. ನೀವು ಸಹಿ ಮಾಡೀರಲ್ಲ.”

ಎಪಿಸೋಡ್ ನೋಡಿದೆ. ನೋಡಬಾರದಿತ್ತು. ಕಲಾದಗಿ ಹತ್ತಿರದ ಒಂದು ಕಬ್ಬಿನ ಹೊಲ. ಜೀಪಿನಲ್ಲಿ ತಾಯಿಯ ದನಿ ಕೇಳಿ ಒಬ್ಬ ಎದ್ದು ಓಡಿ ಬಂದ. ಅಮ್ಮಾ ಎಲ್ಲಿ, ಅಮ್ಮಾ ಎಲ್ಲಿ ಅಂತ ಜೀಪಿನೊಳಗೆ ಹಣಿಕಿ ನೋಡಿದ. ಒಳಗೆ ಡ್ರೈವರ್ ಒಬ್ಬನೇ. ಸುತ್ತ ನಿಂತವರೆಲ್ಲ ಫೋಟೊ ಹೊಡೆದರು.

ಇವರಂತೂ ಮೋಸ ಹೋಗುವವರಲ್ಲ. ಬೆಳಗಿನಿಂದ ಸಂಜೆಯವರೆಗೆ ಅದೇ ಅಳು, ಅದೇ ಮಾತು — ಮಷಿನ್ ಅಂತ ತಿಳಿದೇ ತಿಳಿಯುತ್ತದೆ. ಹೆಸರು ಹಿಡಿದು ಕರೆದಿದ್ದರೂ ನಡೆಯುತ್ತಿತ್ತು. ನನ್ನ ನಿಖತ ಹೆಸರು ಹಿಡಿಯುವವಳಲ್ಲ ಅಂತ ಇವರು ನಗುತ್ತಿದ್ದರು. ಮರ್ಯಾದೆ ಅಂತ ಹೋಗಿ ನಿಜವಾದ ಕರೆಯನ್ನೇ ಕೊಟ್ಟುಬಿಟ್ಟೆ. ಮನೆಯೊಳಗಿನ ಕರೆ. ನಾಳೆ ಖರೆ ಖರೆ ಕರೆಯಬೇಕಾದರೆ ಹೇಗೆ ಕರೆಯಲಿ?

ನವೆಂಬರ್ 22, ಶನಿವಾರ

ಬಾದಾಮಿಯ ಗುಡ್ಡದಲ್ಲಿ ಅಡಗಿದ್ದ ಒಬ್ಬ ಹುಡುಗಿಯನ್ನು ಬೆನ್ನಟ್ಟಿದರಂತೆ. ಬಂಡೆಯಿಂದ ಬಂಡೆಗೆ ಜಿಗಿಯಲು ಹೋಗಿ ಬಿದ್ದಳು. ಎರಡೂ ಕಾಲು ಮುರಿದಿವೆ. ಬಿದ್ದವಳನ್ನು ಎತ್ತುವ ಮೊದಲು ಫೋಟೊ. ಲೈವ್ ಬಂತು. ಅತ್ತೆಗೆ ತೋರಿಸಲಿಲ್ಲ.

ನವೆಂಬರ್ 27, ಗುರುವಾರ

ಬರೆಯಲು ಕೂತರೆ ಕೈ ಬರಲಿಲ್ಲ, ಇಷ್ಟು ದಿನ.

ಈಗ ಉಳಿದವರು ಬೆರಳೆಣಿಕೆಯಷ್ಟು. ಇವರ ಫೋಟೊ ಪಾನ್ ಅಂಗಡಿಗಳಲ್ಲೂ ಅಂಟಿದೆ. ನಿನ್ನೆ ಗುರುತಿಲ್ಲದ ಇಬ್ಬರು ಮಾಳಿಗೆ ಹತ್ತಿ ನೀರಿನ ಟ್ಯಾಂಕಿನ ಮುಚ್ಚಳ ತೆಗೆದು ನೋಡುತ್ತಿದ್ದರು. ಕೇಳಿದರೆ, “ಅಡಗಿಸಿಟ್ಟೀರೇನು ನೋಡಿದ್ವಿರಿ” ಅಂತ. ನಾಚಿಕೆಗೆಟ್ಟವರು. ನಾನು ಕೋಲು ತೆಗೆದುಕೊಂಡೆ, ಅವರು ಅದನ್ನೂ ವಿಡಿಯೊ ಮಾಡಿದರು.

ಮೊದಲು ಇವರು ಸಿಗಬಾರದು ಅಂತ ದುವಾ ಕೇಳುತ್ತಿದ್ದೆ. ಈಗ ಯಾರಾದರೂ ಒಳ್ಳೆಯವರ ಕೈಗೆ ಸಿಗಲಿ ಅಂತ ಕೇಳುತ್ತಿದ್ದೇನೆ. ಪಾಲಿಶ್ ಮಷಿನ್ ಹಾಳಾಗಿ ಹೋಗಲಿ.

ನವೆಂಬರ್ 29, ಶನಿವಾರ

ಮಲಕಪ್ಪ ಬಂದಿದ್ದರು. ಇವರ ಜೊತೆ ಮೊದಲಿನಿಂದಲೂ ಖಣಿಯಲ್ಲಿ ಇದ್ದವರು, ಈಗ ಮೇಸ್ತ್ರಿ. ಚಹಾ ಬೇಡ ಅಂದರು. ಅಂಗಿಯೊಳಗಿನಿಂದ ಒಂದು ಬಟ್ಟೆ ತೆಗೆದು ಕೈಗಿಟ್ಟರು.

ಇವರು ಹೋಗುವಾಗ ರೊಟ್ಟಿ ಕಟ್ಟಿಕೊಟ್ಟ ಬಟ್ಟೆ. ಅಂಚಿಗೆ ನನ್ನದೇ ಪಿಕೋ.

“ಹಳೀ ಖಣ್ಯಾಗ ಸಿಕ್ತು ಭಾಭಿ. ಹುನಗುಂದ ರಸ್ತಾದಾಗ ಮುಚ್ಚಿ ಬಿಟ್ಟಿದ್ರಲ್ಲ, ಅದರಾಗ. ಬಾಜೂಕ ಜ್ವರದ ಗುಳಿಗಿ ತಿಂದು ಒಗದ ಪಾಕೀಟೂ ಇತ್ತು. ಹೊಸಾದು.”

“ಫೋಟೊ ತಗೊಂಡ್ರೇನು ಯಾರರ?”

“ಯಾರಿಗೂ ತೋರ್ಸಿಲ್ಲ. ಆದ್ರ ಮಾತು ಅದಲ್ಲ.” ತಲೆ ತಗ್ಗಿಸಿದರು. “ಆ ಖಣಿ ನಮ್ಮ ಹೊಸಾ ಮಾಲಕ ಹಿಡದಾನ. ಕ್ರಶರಿಗೆ ಕಲ್ಲು ಬೇಕು ಅವಂಗ. ಮಂಗಳವಾರ ಬ್ಲಾಸ್ಟಿಂಗ್. ಮದ್ದು ತುಂಬಾಕ ತೂತು ಹೊಡದಾತು.”

ಗೋಡೆ ಹಿಡಿದು ಕೂತೆ.

ಮಲಕಪ್ಪ ನಿನ್ನೆಯೇ ಮಾಲಕನಿಗೆ ಹೇಳಿದ್ದಾರೆ. ಅವನು ಆಳು ಬಿಟ್ಟು ಹುಡುಕಿಸಿದ. ಯಾರೂ ಸಿಗಲಿಲ್ಲ. ಒಡೆದು ಒಗೆದ ದೊಡ್ಡ ದೊಡ್ಡ ಕಲ್ಲುಗಳ ಗುಡ್ಡವೇ ಇದೆಯಂತೆ ಅಲ್ಲಿ, ನಡುವೆಲ್ಲ ಸಂದು. “ಅರ್ಷದ ಒಳಗ ಸೇರಿದ್ರ ನನಗೂ ಸಿಗಂಗಿಲ್ಲ” ಅಂದರು. ಕೂಗಿದ್ದಾರೆ ಕೂಡ. ಬ್ಲಾಸ್ಟಿಂಗ್ ಐತಿ ಹೊರಗ ಬಾ ಅಂತ. ಆದರೆ ಹೋದ ವಾರ ಐವತ್ತು ಸಾವಿರದ ಆಸೆಗೆ ಬೈಕಿನ ಹುಡುಗರು ಖಣಿ ಖಣಿಗೂ ಹೋಗಿ ಅದೇ ಸುಳ್ಳು ಕೂಗಿ ಬಂದಿದ್ದಾರಂತೆ.

ನವೆಂಬರ್ 30, ಭಾನುವಾರ

ವಿದ್ಯಾ ಕೊನೆಗೂ ಫೋನ್ ಎತ್ತಿದಳು.

“ಎಲ್ಲಾ ಪ್ಲೇಯರ್ಸ್ ಸೇಫ್ ಅದಾರ ಅಕ್ಕಾ. ಲೊಕೇಶನ್ ಹೇಳಾಕ ಬರಂಗಿಲ್ಲ.”

ನಾನು ಬೇಡಿದೆ. ಬೈದೆ. ಆಟ ಬಿಟ್ಟೆವು ಅಂದೆ, ಔಟ್ ಮಾಡಿಬಿಡಿ ಅಂದೆ. ಇವರೇ ಬ್ಯಾಂಡಿನ ಬಟನ್ ಒತ್ತಬೇಕಂತೆ, ಮನೆಯವರು ಹೇಳಿದರೆ ನಡೆಯುವುದಿಲ್ಲವಂತೆ. ಕಡೆಗೆ ಅವಳಿಗೂ ಸಾಕಾಯಿತೋ ಏನೋ, ದನಿ ತಗ್ಗಿಸಿ ಹೇಳಿದಳು. “ಅವರ ಬ್ಯಾಂಡ್ ಕೆರೂರ ಹತ್ರ ತೋರಿಸ್ತದ ಅಕ್ಕಾ. ಖಣ್ಯಾಗ ಇಲ್ಲ. ಸುಮ್ನ ಅಂಜಬ್ಯಾಡ್ರಿ.”

“ಯಾವಾಗಿಂದು ಅದು? ಇವತ್ತಿಂದೇನು?”

“ಅದನ್ನ ಹೇಳಾಕ ಬರಂಗಿಲ್ಲ ಅಕ್ಕಾ.”

“ವಿದ್ಯಾ, ನಿನ್ನ ಕಾಲಿಗೆ ಬೀಳ್ತೇನಿ.”

“...ಸಿಗ್ನಲ್ ಬಂದು ಭಾಳ ದಿನ ಆತಕ್ಕಾ. ಚಾರ್ಜ್ ಮುಗದಿರಬೇಕು.” ಫೋನ್ ಇಟ್ಟಳು. ಆಮೇಲೆ ಸ್ವಿಚ್ಡ್ ಆಫ್.

ಇವರು ಎಲ್ಲಿದ್ದಾರೆ ಅಂತ ಶೋದವರಿಗೇ ಗೊತ್ತಿಲ್ಲ. ಮಲಕಪ್ಪನವರ ಜೊತೆ ಠಾಣೆಗೂ ಹೋದೆ. ಪೊಲೀಸರು ನಮ್ಮ ಎದುರಿಗೇ ಶೋದವರಿಗೆ ಫೋನ್ ಹಚ್ಚಿದರು. ಅಲ್ಲಿಂದ ಅದೇ ಕೆರೂರು, ಅದೇ ಸೇಫ್.

ಅತ್ತೆಗೆ ಇನ್ನೂ ಹೇಳಿಲ್ಲ. ಮಗನಿಗೆ ಅಂತ ಹೋಳಿಗೆಗೆ ಬೇಳೆ ತೆಗೆದಿಟ್ಟಿದ್ದಾರೆ.

ಡಿಸೆಂಬರ್ 1, ಸೋಮವಾರ, ಮಧ್ಯಾಹ್ನ

ಖಣಿಗೆ ಹೋಗಿ ಬಂದೆ.

ಇಷ್ಟು ಆಳ ಇರುತ್ತದೆ ಅಂತ ಗೊತ್ತಿರಲಿಲ್ಲ. ತಳದಲ್ಲಿ ಹಸಿರು ನೀರು. ಒಂದು ಬದಿಗೆ ಆ ಕಲ್ಲಿನ ಗುಡ್ಡ. ಮಲಕಪ್ಪ ಬೆರಳು ತೋರಿಸಿದರು. ಅಂಚಿಗೆ ನಿಂತು ಕೂಗಿದೆ. ಏನ್ರೀ.

ಎದುರಿನ ಗೋಡೆಗೆ ಬಡಿದು ತಿರುಗಿ ಬಂತು. ಅಪ್ಪಟ ಜೀಪಿನ ದನಿ. ನನಗೇ ಹೆದರಿಕೆಯಾಯಿತು, ಇದನ್ನು ಯಾರು ನಂಬುತ್ತಾರೆ.

ಮತ್ತೆ ಕೂಗಿದೆ. ಆಟ ಸಾಕು ಅಂದೆ, ನಾಳೆ ಸಿಡಿಸುತ್ತಾರೆ ಅಂದೆ. ಏನೂ ಇಲ್ಲ. ಆಮೇಲೆ ಹೆಸರು ಹಿಡಿದೆ. ಮದುವೆಯಾದ ಮೇಲೆ ಒಮ್ಮೆಯೂ ಬಾಯಲ್ಲಿ ಬಾರದ ಹೆಸರು. ಅರ್ಷದ, ಅರ್ಷದ ಅಂತ ಕಲ್ಲುಗಳೆಲ್ಲ ಕೂಗಿದವು. ಅತ್ತೆಯ ಮಾತು ನೆನಪಾಗಿ ಬಾಯಿ ಮುಚ್ಚಿಕೊಂಡೆ. ಮಾಡಿದ ಮೇಲೆ ಮುಚ್ಚಿಕೊಂಡು ಏನು ಬಂತು.

ನಮ್ಮಿಬ್ಬರಿಗೇ ಗೊತ್ತಿರುವ ಒಂದು ಮಾತಿದೆ. ಅಷ್ಟು ಗಂಡಸರ ಮುಂದೆ ಅದನ್ನೂ ಕೂಗಲು ಬಾಯಿ ತೆರೆದೆ. ಅಷ್ಟರಲ್ಲಿ ಕ್ರಶರ್ ಶುರುವಾಯಿತು. ನನ್ನ ದನಿ ನನಗೇ ಕೇಳಲಿಲ್ಲ.

ಮಾಲಕ ಕೆಟ್ಟವನಲ್ಲ. ಕುರ್ಚಿ ಹಾಕಿಸಿದ, ನೀರು ಕೊಟ್ಟ. “ಹುಡುಕ್ಸೇನಿ ತಂಗಿ, ಯಾರೂ ಇಲ್ಲ. ಶೋದವ್ರೂ ಇಲ್ಲ ಅಂತ ಬರದು ಕಳಿಸ್ಯಾರ. ನಾಳೆ ಮದ್ದಿನವ್ರು ಬರ್ತಾರ, ಮತ್ತ ಅವ್ರು ಸಿಗೂದು ಯಾವಾಗೋ” ಅಂದ.

ಜ್ವರದಲ್ಲಿ ಬಿದ್ದಿದ್ದಾರೋ. ಕೇಳಿಸಿದೆಯೋ, ಕೇಳಿಸಿಯೂ ಸುಮ್ಮನಿದ್ದಾರೋ. ಕೇಳಿಸಿಕೊಂಡು ನಗುತ್ತ ಕೂತಿದ್ದರೆ... ಯಾ ಅಲ್ಲಾಹ್. ಅಥವಾ ಇವರು ಅಲ್ಲಿ ಇಲ್ಲವೇ ಇಲ್ಲವೋ. ಇಲ್ಲದಿರಲಿ. ಎಲ್ಲಾದರೂ ಇರಲಿ, ಅಲ್ಲಿ ಇಲ್ಲದಿರಲಿ.

ಡಿಸೆಂಬರ್ 2, ಮಂಗಳವಾರ, ಬೆಳಿಗ್ಗೆ

ಅತ್ತೆಗೆ ಅಂಗಡಿಗೆ ಸೀರೆ ಕೊಡಲು ಹೋಗುತ್ತೇನೆ ಅಂದೆ. ಗಂಟಿನಲ್ಲಿ ನೀರಿನ ಬಾಟಲಿ, ಜ್ವರದ ಗುಳಿಗೆ, ಈ ಡೈರಿ.

ಖಣಿಯೊಳಗೆ ಕೂತು ಬರೆಯುತ್ತಿದ್ದೇನೆ.

ಲಾರಿ ಇಳಿಯುವ ದಾರಿಯಿಂದ ಬಂದೆ. ಮಲಕಪ್ಪ ನೋಡಿದರು. ತಡೆಯಲಿಲ್ಲ, ಮುಖ ಆ ಕಡೆ ತಿರುಗಿಸಿದರು. ಕಲ್ಲಿನ ಗುಡ್ಡದ ಬುಡದಲ್ಲಿ ಒಂದು ಚಪ್ಪಟೆ ಕಲ್ಲು, ಅದರ ಮೇಲೆ ಕೂತಿದ್ದೇನೆ. ಕಾಲ ಹತ್ತಿರವೇ ತೂತುಗಳು, ಪ್ರತಿಯೊಂದರಿಂದಲೂ ಹಳದಿ ವೈರು. ಅದರೊಳಗೆ ಮದ್ದು ತುಂಬಿಯಾಗಿದೆ. ಉಸಿರು ಬಿಟ್ಟರೂ ಅದಕ್ಕೆ ತಾಗುತ್ತದೇನೋ ಅನಿಸುತ್ತದೆ. ಪೆನ್ ಹಿಡಿದಿರುವುದು ಕೈಗೆ ಏನಾದರೂ ಕೆಲಸ ಇರಲಿ ಅಂತ.

ನಾನು ಇಲ್ಲಿರುವ ತನಕ ಅವರು ಸಿಡಿಸುವಂತಿಲ್ಲ. ನನಗೆ ತಿಳಿದದ್ದು ಇಷ್ಟೇ. ಕರೆದರೆ ನಂಬದವರು, ಕೂತರೆ ನಂಬಿಯಾರು. ಜೀಪು ಕೂತುಕೊಳ್ಳುವುದಿಲ್ಲ.

ಮೇಲೆ ಕೂಗಾಡುತ್ತಿದ್ದಾರೆ. “ಏ ಯವ್ವಾ, ಮ್ಯಾಲ ಬಾ. ಸಾಯ್ತೀ ಅಲ್ಲೇ.” ಮಾಲಕನ ದನಿ. ಮಲಕಪ್ಪ ಕೆಂಪು ಬಟ್ಟೆ ಹಿಡಿದು ನಿಂತಿದ್ದಾರೆ. ಮೊಬೈಲ್ ಎತ್ತಿ ಹಿಡಿದವರೂ ಕಾಣುತ್ತಾರೆ, ಎಲ್ಲಿಂದ ಬಂದರೋ. ಒಬ್ಬ ಹಗ್ಗ ತರುತ್ತಿದ್ದಾನೆ. ನನ್ನನ್ನು ಎತ್ತಿಕೊಂಡು ಹೋಗುತ್ತಾರೆ. ಎತ್ತಿಕೊಂಡು ಹೋದ ಮೇಲೆ...

ಕೂಗುತ್ತಿಲ್ಲ ನಾನು. ಒಂದು ಮಾತೂ ಆಡಿಲ್ಲ. ಇವರು ಇಲ್ಲಿ ಇಲ್ಲದಿದ್ದರೆ ಊರೆಲ್ಲ ನಗುತ್ತದೆ. ನಗಲಿ, ನಾನೂ ನಗುತ್ತೇನೆ.

ಇಬ್ಬರು ಇಳಿಯುತ್ತಿದ್ದಾರೆ. ದಾರಿಯ ಅರ್ಧಕ್ಕೆ ಬಂದರು.

ಹಿಂದೆ ಏನೋ ಉರುಳಿತು. ಸಣ್ಣ ಕಲ್ಲು. ಗಾಳಿ ಇಲ್ಲ.

ಮತ್ತೆ. ಸಂದಿನೊಳಗಿನಿಂದ. ಯಾರೋ ಮಾತಾಡಿದರು, ಗಂಟಲೆಲ್ಲ ಒಣಗಿದ ದನಿ — “ನಿಖತ... ನೀ ಖರೇನ ಬಂದೀ ಏನ—