ಬಿತ್ತನೆಗೆ ಮಾತ್ರ

ಮಾರ್ಚ್ 3
ಬೆಳಿಗ್ಗೆಯಿಂದ ಗೋಧಿ ಬೀಜಕ್ಕೆ ಹುಳ ಹಿಡಿಯದಂತೆ ವಿಷದ ಔಷಧಿ ಹಚ್ಚುವ ಕೆಲಸ. ಮೊಣಕೈವರೆಗೂ ಗುಲಾಬಿ ಬಣ್ಣ. ನಲವತ್ತು ಮೂಟೆ ಮುಗಿಯುವಷ್ಟರಲ್ಲಿ ಔಷಧಿ ಖಾಲಿ. ಯುದ್ಧ ಶುರುವಾದ ಮೇಲೆ ಹಡಗೇ ಬರುತ್ತಿಲ್ಲ, ಇನ್ನು ಔಷಧಿ ಎಲ್ಲಿಂದ... ಮೂವತ್ತು ಮೂಟೆ ಹಾಗೇ ಉಳಿಯಿತು.

ಸಂಜೆ ಅಕ್ಕ ನನ್ನ ಸುಪರ್ದಿಯ ಸರ್ಕಾರಿ ಬೀಜದ ಗೋದಾಮಿನ ಬಾಗಿಲಿಗೇ ಬಂದಳು. "ಔಷಧಿ ಹಾಕದ್ದು ಒಂದೆರಡು ಕೆಜಿ ಕೊಡೇ. ಮಕ್ಕಳು ಬರೀ ಟೀ ಕುಡಿದು ಮಲಗ್ತಿದ್ದಾರೆ."

ಕೊಡಲಿಲ್ಲ. ಬೀಜವನ್ನೇ ತಿಂದರೆ ಮುಂದಿನ ವರ್ಷ ಏನು ಗತಿ ಎಂದು ಭಾಷಣ ಬಿಗಿದೆ.

"ಮುಂದಿನ ವರ್ಷದವರೆಗೆ ಇದ್ರೆ ತಾನೇ" ಎಂದು ಹೊರಟುಹೋದಳು.

ಮಾರ್ಚ್ 8
ರೇಡಿಯೊದಲ್ಲಿ ಹೇಳಿದರು — ನಮ್ಮ ಗೋಧಿ ಹೋಗದೆ ಸಮುದ್ರದಾಚೆಯ ದೇಶಗಳಲ್ಲಿ ಬ್ರೆಡ್ಡಿಗೆ ಕ್ಯೂ ಅಂತೆ. ಹೋದ ವರ್ಷ ಊರೂರಿಗೆ ಬಡಿಸಿದವರು ನಾವು. ಕಣಜಗಳೆಲ್ಲ ಬಾಂಬಿಗೆ ಸುಟ್ಟು ಈಗ ನಮ್ಮ ಮನೆಯ ಡಬ್ಬಗಳೇ ಬೋರಲು. ಅಕ್ಕ ಮಾತು ಬಿಟ್ಟಿದ್ದಾಳೆ. ಬಿಡಲಿ. ಬಿತ್ತನೆಗೆ ಇನ್ನು ಮೂರೇ ವಾರ.

ಮಾರ್ಚ್ 14
ಮಿಲಿಟರಿ ಲಾರಿ ಬಂತು. ಔಷಧಿ ಹಚ್ಚದ ಮೂವತ್ತೂ ಮೂಟೆ ಗಿರಣಿಗೆ ಬೇಕಂತೆ. "ಬಿತ್ತನೆಗೆ ಮಾತ್ರ" ಎಂಬ ಚೀಟಿ ತೋರಿಸಿದೆ.

"ಸೈನಿಕರೇನು ಗಾಳಿ ತಿಂದ್ಕೊಂಡು ಯುದ್ಧ ಮಾಡ್ತಾರೇನಮ್ಮಾ?" ಎಂದ ಆಫೀಸರ್.

ಸಹಿ ಹಾಕಿದೆ. ಅಕ್ಕನ ಮುಂದೆ ಅಷ್ಟುದ್ದ ಇದ್ದ ನಾಲಿಗೆ ಆಗ ಎಲ್ಲಿ ಹೋಗಿತ್ತೋ. ದಾರಿಗೆ ಅಡ್ಡವಿದ್ದ, ಔಷಧಿ ಹಚ್ಚಿದ ಒಂದು ಮೂಟೆಯನ್ನು ಗೇಟಿನಾಚೆ ಎಸೆದರು. ಒಡೆದು ಚೆಲ್ಲಿತು. ಬೆಳಿಗ್ಗೆ ಗುಡಿಸಿದರಾಯಿತು ಎಂದುಕೊಂಡೆ.

ಮಾರ್ಚ್ 15, ಬೆಳಿಗ್ಗೆ 7
ಗೇಟಿನ ಮುಂದೆ ಒಂದು ಕಾಳೂ ಇಲ್ಲ.

ಮಾರ್ಚ್ 17
ಆಸ್ಪತ್ರೆ. ಬಾಚಿಕೊಂಡು ಹೋದವಳು ಅಕ್ಕ. ತೊಳೆದು ಬೇಯಿಸಿದ್ದಾಳೆ. ಮಕ್ಕಳಿಗೆ ಕೊಡುವ ಮೊದಲು ತಾನು ತಿಂದು ನೋಡಿದ್ದಾಳೆ.

"ಬಣ್ಣ ಹೋದ್ರೆ ವಿಷಾನೂ ಹೋಗುತ್ತೆ ಅಂದ್ಕೊಂಡೆ ಕಣೇ."

ಎರಡೂ ಕಿಡ್ನಿ ಕೆಟ್ಟಿವೆ ಎಂದರು ಡಾಕ್ಟರು. ಅವತ್ತು ಎರಡು ಕೆಜಿ ಕೊಟ್ಟಿದ್ದರೆ... ನನ್ನ ಶಿಸ್ತಿಗಿಷ್ಟು ಬೆಂಕಿ ಹಾಕ.

ಏಪ್ರಿಲ್ 1
ಬಿತ್ತನೆ ರದ್ದು. ಹೊಳೆಯಾಚೆಯ ಹೊಲದಲ್ಲಿ ನೆಲಬಾಂಬು ಸಿಡಿದು ಟ್ರ್ಯಾಕ್ಟರ್ ಡ್ರೈವರನ ಕಾಲು ಹೋಯಿತು. ಇನ್ನು ಯಾರೂ ಹೊಲಕ್ಕಿಳಿಯುವುದಿಲ್ಲ. ಮೂವತ್ತೊಂಬತ್ತು ಮೂಟೆ ಗೋದಾಮಿನಲ್ಲಿ ಕೂತಿವೆ. ತಿನ್ನುವಂತಿಲ್ಲ, ಬಿತ್ತುವಂತಿಲ್ಲ. ನಾನು ದಿನಾ ಹೋಗಿ ಬೀಗ ಎಳೆದು ನೋಡಿ ಬರುತ್ತೇನೆ.

ಏಪ್ರಿಲ್ 9
ಅಕ್ಕನಿಗೆ ಅರೆ ಎಚ್ಚರ. "ಬಿತ್ತನೆ ಆಯ್ತಾ?"

"ಆಯ್ತು."

"ಮೊಳಕೆ?"

"ಬಂದಿದೆ ಅಕ್ಕಾ. ಬೆರಳುದ್ದ."

ನನ್ನ ಕೈ ಹಿಡಿದುಕೊಂಡಳು. "ಹಾಗಾದ್ರೆ ನೀನು ಅವತ್ತು ಕೊಡದೇ ಇದ್ದಿದ್ದೇ ಒಳ್ಳೇದಾಯ್ತು ಬಿಡು."

ನಾನು ಅವಳಿಗೆ ಇನ್ನೊಂದು ಕೈಯ ಬೆರಳು ತೋರಿಸಿ, "ನೋಡು, ಇಷ್ಟುದ್ದ" ಎಂದೆ.