ಪೋಷಕ ನಟಿ ನೆನೆಹಾಕಿದ ಹಣ್ಣು

ಲ್ಯಾಡ್‌ಬ್ರೋಕ್ ಗ್ರೋವ್, ಲಂಡನ್
೧೨ ಫೆಬ್ರವರಿ ೧೯೭೮

ಮುದ್ದು ಜೊಸೆಟ್,

ನೀನೂ ನಿನ್ನ ಹುಡುಗ ಆಲ್ಡ್ವಿನ್ನೂ ಕ್ಷೇಮವೆಂದು ನಂಬಿದ್ದೇನೆ. ನಾನೂ ಕ್ಷೇಮ, ಮೂಗೊಂದು ಬಿಟ್ಟು. ಅದು ಕ್ರಿಸ್‌ಮಸ್‌ನಿಂದ ಸುರಿಯುತ್ತಲೇ ಇದೆ. ನಿನ್ನ ಮದುವೆಯ ಸುದ್ದಿಗೆ ಇಷ್ಟು ತಡವಾಗಿ ಉತ್ತರಿಸುತ್ತಿದ್ದೇನೆಂದು ಬೈಯಬೇಡ. ಶೂಟಿಂಗ್ ಇತ್ತು ಎಂದು ಬರೆಯಬಹುದು. ಇತ್ತು ಕೂಡ. ಆದರೆ ನೀನು ಬರೆದದ್ದು ಗಂಟಲಲ್ಲಿ ಮೀನಿನ ಮುಳ್ಳಿನಂತೆ ಕೂತುಬಿಟ್ಟಿತ್ತು: "ಕೇಕು ಅಮ್ಮನೇ ಮಾಡ್ತಾಳೆ. ಚರ್ಚಿನಲ್ಲಿ ಮುಂದಿನ ಬೆಂಚಲ್ಲೂ ಅವಳೇ ಕೂರ್ತಾಳೆ. ನೀನು ಬಂದರೆ ಸಾಕು."

ಅಮ್ಮ ಅಂದರೆ ನಿನ್ನ ಅಜ್ಜಿ, ನನ್ನ ಅವ್ವ. ಸರಿಯೇ. ನೀನು ಅಂಬೆಗಾಲಿಡುತ್ತಿದ್ದಾಗ ಅವಳ ಮಡಿಲಿಗೆ ಹಾಕಿ ಹಡಗು ಹತ್ತಿದವಳು ನಾನು. ಆಮೇಲೆ ನಮ್ಮ ಸೇಂಟ್ ವಿನ್ಸೆಂಟ್ ದ್ವೀಪಕ್ಕೆ ಬಂದಾಗಲೆಲ್ಲ ನನ್ನದು ಅತಿಥಿ ಪಾತ್ರ. ಇಲ್ಲಿ ನನ್ನನ್ನು ಪೋಷಕ ನಟಿ ಅನ್ನುತ್ತಾರೆ. ಪೋಷಿಸಿದ್ದು ಅವ್ವ, ನಟಿಸಿದ್ದು ನಾನು. ಬಿರುದು ಮಾತ್ರ ನನಗೆ.

ತೊಂದರೆ ಏನೆಂದರೆ, ನೀನು ಆಲ್ಡ್ವಿನ್ ವಿಷಯ ಮೊದಲು ಬರೆದಾಗಲೇ ನಾನು ಹಣ್ಣು ನೆನೆಹಾಕಿಬಿಟ್ಟಿದ್ದೆ. ಮಗಳ ಮದುವೆಯ ಕರಿ ಕೇಕಿಗೆ ಹೆತ್ತವಳೇ ಹಣ್ಣು ನೆನೆಹಾಕಬೇಕಲ್ಲ? ಒಣದ್ರಾಕ್ಷಿ, ಚೆರ್ರಿ, ಕಿತ್ತಳೆ ಸಿಪ್ಪೆ, ಮುಳುಗುವಷ್ಟು ರಮ್. ಭರಣಿ ನನ್ನ ಬಟ್ಟೆಗಳ ನಡುವೆ ಬೆಚ್ಚಗೆ ಕೂತಿದೆ. ಕೆಳಮನೆಯ ಬಾರ್ಬಡೋಸಿನ ಮಿಸೆಸ್ ಗಿಟೆನ್ಸ್ ಮೂಗರಳಿಸಿ, "ಏನೇ ಯೂಲಾಲಿ, ನಿನ್ನ ಬೀರು ಘಮ್ಮಂತಿದೆ?" ಅಂದಳು.

"ಬೀರಲ್ಲ ಕಣೇ, ರಮ್ಮು."

"ಮಗಳಿಗೆ ಮದುವೆ, ನಿನ್ನ ಕೋಟು ಯಾಕೆ ಕುಡಿದು ತೂರಾಡ್ತಿದೆ?" ಅಂದಳು.

ಇವಳೇ ನನ್ನ ಅಭಿಮಾನಿ ಸಂಘ. ಟೀವಿಯಲ್ಲಿ ನಮ್ಮ ಬಣ್ಣದ ಮುಖ ಕಂಡರೆ ಸಾಕು, ನಮ್ಮವರೆಲ್ಲ ಮನೆಯಿಂದ ಮನೆಗೆ ಕೂಗುತ್ತಾರೆ: "ಬನ್ರೋ, ಬನ್ರೋ, ನಮ್ಮೋಳು ಬಂದ್ಳು!" ಅವರು ಒಲೆ ಆರಿಸಿ ಓಡಿಬರುವಷ್ಟರಲ್ಲಿ ನಾನು ರೋಗಿಯ ಜ್ವರ ನೋಡಿ ಬಾಗಿಲು ಎಳೆದುಕೊಂಡು ಹೋಗಿರುತ್ತೇನೆ. "ನಿನ್ನ ಬೆನ್ನು ಬಹಳ ಚೆನ್ನಾಗಿ ನಟಿಸ್ತು ಕಣೇ" ಅನ್ನುತ್ತಾಳೆ ಗಿಟೆನ್ಸ್. ನರ್ಸು, ಬಸ್ ಕಂಡಕ್ಟರು, ಮತ್ತೆ ನರ್ಸು. ಪಾತ್ರ ಕೇಳಿದರೆ ಪಾತ್ರೆ ತೊಳೆಯಲು ಕೊಡುತ್ತಿದ್ದರು.

ಈ ಸಲ ಮಾತ್ರ ತಾಯಿಯ ಪಾತ್ರ. ಹೆಸರೂ ಇದೆ, ಅಡುಗೆಮನೆಯೂ ಇದೆ. ಲೀಡ್ಸ್‌ನಲ್ಲೇ ಹುಟ್ಟಿ ಬೆಳೆದ ಪಾಲೆಟ್ ಎಂಬ ಹುಡುಗಿ ನನ್ನ ಮಗಳು. ನಿರ್ದೇಶಕರು, "ಸ್ವಲ್ಪ ಜಮೈಕಾದವರ ಹಾಗೆ ಮಾತಾಡಿ" ಅಂದರು.

"ಸ್ವಾಮಿ, ನಮ್ಮ ದ್ವೀಪದಿಂದ ಜಮೈಕಾ ಅಂದರೆ ಲಂಡನ್ನಿಂದ ರೋಮ್ ಇದ್ದಂತೆ."

"ನೋಡೋರಿಗೆ ಎಲ್ಲಿ ಗೊತ್ತಾಗುತ್ತೆ ಬಿಡಿ!"

"ಹಾಗಾದರೆ ನೀವು ಇಟಲಿಯವರ ಹಾಗೆ ಮಾತಾಡಿ, ನನಗೂ ಗೊತ್ತಾಗಲ್ಲ" ಅಂದೆ. ನಕ್ಕರು. ಕೊನೆಗೆ ನನ್ನ ಮಾತಿನಲ್ಲೇ ತೆಗೆದರು.

ಇರಲಿ, ಕೇಕಿಗೆ ಬರೋಣ. ಯೋಚಿಸಿದೆ. ಕೇಕು ಅವ್ವನೇ ಮಾಡಲಿ, ಮುಂದಿನ ಬೆಂಚೂ ಅವಳದೇ. ನಿನ್ನ ಜ್ವರಕ್ಕೆ ನಿದ್ದೆಗೆಟ್ಟವಳು ಅವಳು; ನಾನು ಯಾರ್ಯಾರದೋ ಸುಳ್ಳು ಜ್ವರ ನೋಡಿದವಳು. ಈಸ್ಟರ್ ಕಳೆಯುತ್ತಲೇ ಭರಣಿ ಹೊತ್ತು ಬರುತ್ತೇನೆ. ಅವಳ ಹಣ್ಣಿನ ಜೊತೆ ನನ್ನದನ್ನೂ ಒಂದು ಹಿಡಿ ಸೇರಿಸಿಕೊಳ್ಳುತ್ತಾಳೋ, ನೀನೇ ಕೇಳು. ಬೇಡವೆಂದರೆ ಒತ್ತಾಯವಿಲ್ಲ, ಎರಡನೇ ಬೆಂಚಿನವರೇ ತಿಂದು ತೂರಾಡುತ್ತೇವೆ.

ದೇವರು ನಿಮ್ಮಿಬ್ಬರನ್ನೂ ನಗುನಗುತ್ತ ಇಟ್ಟಿರಲಿ. ಜಗಳವಾಡಿದರೂ ಒಂದೇ ಊರಲ್ಲಿ, ಒಂದೇ ಸೂರಿನಡಿ ಆಡುವಂತಾಗಲಿ. ಅವ್ವನ ಕೆನ್ನೆಗೆ ನನ್ನ ಮುತ್ತು.

ಪ್ರೀತಿಯಿಂದ,
ಯೂಲಾಲಿ

ತಾ.ಕ.: ಆ ಅಡುಗೆಮನೆಯ ದೃಶ್ಯದಲ್ಲಿ ಪಾಲೆಟ್ ಓಡಿಬಂದು "ಅಮ್ಮಾ" ಅನ್ನಬೇಕು, ನಾನು "ಕೈ ತೊಳ್ಕೊಂಡು ಬಾ" ಅನ್ನಬೇಕು. ಅಷ್ಟೇ. ನೀನು ನನ್ನನ್ನು ಯಾವಾಗಲೂ ಹೆಸರು ಹಿಡಿದೇ ಕರೆದವಳು. ಮನೆಯಲ್ಲಿ ಅಮ್ಮ ಆಗಲೇ ಒಬ್ಬಳಿದ್ದಳು, ನಿನ್ನ ತಪ್ಪೇನಿಲ್ಲ. ಹಾಗಾಗಿ ಆ ಮಾತು ನನ್ನತ್ತ ಬಂದದ್ದು ಅದೇ ಮೊದಲು. ನಾನು ಹೇಳಬೇಕಾದದ್ದು ಮರೆತೆ. ಮತ್ತೆ ತೆಗೆದರು, ಮತ್ತೆ ಮರೆತೆ. "ಏನಾಗಿದೆ ಯೂಲಾಲಿ ಇವತ್ತು? ಇರೋದೇ ಒಂದು ಮಾತು!" ಅಂದರು ನಿರ್ದೇಶಕರು. ಮೊದಲ ಸಲ ನಿಜವಾಗಿಯೇ ಮರೆತಿದ್ದೆ, ಜೊಸೆಟ್. ಆಮೇಲಿನದೆಲ್ಲ ನಟನೆ.