ಶೌಚಾಲಯದಿಂದ ಬಂದ ಕುರ್ಚಿಗಳು

ಮಾರುಕಟ್ಟೆ ಸಂಕೀರ್ಣದ ಮಾನ್ಯ ಆಡಳಿತಾಧಿಕಾರಿಗಳೇ,

ಹೆಂಗಸರ ಶೌಚಾಲಯಕ್ಕೆ ನೀವು ಜಡಿದಿರುವ ಬೀಗವನ್ನು ತೆಗೆಸಿ. ಪೀಠಿಕೆ ಹಾಕುವಷ್ಟು ತಾಳ್ಮೆ ನನಗಿಲ್ಲ.

ಮೊನ್ನೆ ಕೆಳಗಿನ ಅಂಗಳದಲ್ಲಿ 'ಇಂದಿನ ಭಾರತೀಯ ಮಹಿಳೆ: ಜೀವನಶೈಲಿ ಮತ್ತು ಸಂಸ್ಕೃತಿ' ಎಂದು ಭಾಷಣ ಕೊರೆದಿರಿ. ಕೇಳಲು ಅಂಗಡಿಗಳ ಹೆಂಗಸರನ್ನೆಲ್ಲ ಕೆಲಸ ಬಿಡಿಸಿ ಕೂರಿಸಿದಿರಿ. ಇಂದಿನ ಹೆಂಗಸರು ಸರಿಯಾಗಿ ನೀರೇ ಕುಡಿಯುವುದಿಲ್ಲವಂತೆ. ಹಿರಿಯರೆದುರು ಕಾಲ ಮೇಲೆ ಕಾಲು ಹಾಕಿ ಕೂರುತ್ತಾರಂತೆ. "ಇದ್ಯಾವ ಸಂಸ್ಕೃತಿ, ಅಮ್ಮಾ?" ಎಂದು ಮುಂದಿನ ಸಾಲಿನಲ್ಲಿದ್ದ ನನ್ನತ್ತಲೇ ಕೈ ತೋರಿಸಿದಿರಿ. ಸ್ವಾಮೀ, ಅದು ಸೊಕ್ಕಲ್ಲ. ಬೆಳಗಿನಿಂದ ತಡೆದುಕೊಂಡಿದ್ದೆ. ಕಾಲು ಇಳಿಸಿದ್ದರೆ ನಿಮ್ಮ ಸಭೆಯ ಮರ್ಯಾದೆ ಉಳಿಯುತ್ತಿರಲಿಲ್ಲ.

ನಾವು ಕೂತಿದ್ದ ಪ್ಲಾಸ್ಟಿಕ್ ಕುರ್ಚಿಗಳು ಎಲ್ಲಿಂದ ಬಂದವು, ಗೊತ್ತೇ? ನಮ್ಮ ಶೌಚಾಲಯದಿಂದ. ಅದೀಗ ನಿಮ್ಮ ಉಗ್ರಾಣ. ಕುರ್ಚಿ, ಮೈಕು, ನಿಮ್ಮದೇ ಮುಖವಿರುವ ಹಳೆಯ ಬ್ಯಾನರುಗಳಿಗೆ ಅಲ್ಲಿ ಜಾಗವಿದೆ, ನಮಗಿಲ್ಲ. ಅಂದು ಬಾಗಿಲು ತೆರೆದದ್ದು ಕಂಡು ನನ್ನ ತಂಗಿ ಓಡಿದಳು. ಕಾವಲುಗಾರ ಅಡ್ಡ ನಿಂತ. "ಕುರ್ಚಿ ಹೊರಗಿಡೋಕೆ ತೆಗ್ದಿರೋದು ಅಕ್ಕಾ, ನಿಮಗಲ್ಲ. ಸಾಹೇಬ್ರು ನನ್ನ ಬೈತಾರೆ."

ತಂಗಿ ನನ್ನ ಪಕ್ಕದ ಹೊಲಿಗೆ ಯಂತ್ರದ ಮುಂದೆ ಕೂರುವವಳು. ರವಿಕೆಗೆ ತೋಳು ಕೂರಿಸುವುದರಲ್ಲಿ ಅವಳಿಗೆ ಸಾಟಿಯಿಲ್ಲ. ಮೂತ್ರದ ಸೋಂಕು ಕಿಡ್ನಿಗೇರಿ, ಚಳಿಜ್ವರದಲ್ಲಿ ನಡುಗಿ, ಆಸ್ಪತ್ರೆ ಸೇರಿ ಬಂದಿದ್ದಾಳೆ. ದಿನವಿಡೀ ನೀರು ಕುಡಿಯಬೇಕು, ತಡೆದುಕೊಳ್ಳಲೇಬಾರದು, ಇನ್ನೊಮ್ಮೆ ಹೀಗಾದರೆ ಕಿಡ್ನಿ ಕೈಕೊಡುತ್ತದೆ ಎಂದಿದ್ದಾರೆ ಡಾಕ್ಟರಮ್ಮ. ನಿನ್ನೆ ಕತ್ತರಿ, ಟೇಪು ಚೀಲಕ್ಕೆ ತುಂಬಿಕೊಳ್ಳುತ್ತಾ, "ನೀರು ಕುಡಿದ್ರೆ ಇಲ್ಲಿ ಕೂರೋಕಾಗಲ್ಲ, ಕುಡೀದಿದ್ರೆ ಬದುಕೋಕಾಗಲ್ಲ. ಕೆಲಸಾನೇ ಬಿಡ್ತೀನಿ ಕಣೇ ಅಕ್ಕಾ" ಎಂದಳು. ಸೋಮವಾರದವರೆಗೆ ನೋಡೋಣ ಎಂದು ಚೀಲ ಕಿತ್ತಿಟ್ಟುಕೊಂಡಿದ್ದೇನೆ.

ಹಿಂದೊಮ್ಮೆ ಇದೇ ಬೀಗದ ಮಾತೆತ್ತಿಕೊಂಡು ನಿಮ್ಮ ಕೋಣೆಗೆ ಬಂದಿದ್ದೆ. "ಮನೆಗೆ ಹೋಗೋವರೆಗೆ ತಡ್ಕೊಳ್ಳೋಕಾಗಲ್ವೇನಮ್ಮಾ? ನಮ್ಮ ತಾಯಂದಿರು ತಡ್ಕೊಳ್ತಿರ್ಲಿಲ್ವಾ?" ಎಂದಿರಿ. ತಡೆದುಕೊಳ್ಳುತ್ತಿದ್ದರು. ಹೇಗೆ ಎಂದು ನಿಮ್ಮ ತಾಯಿಯನ್ನು ಯಾವತ್ತಾದರೂ ಕೇಳಿದ್ದೀರಾ? ಅಷ್ಟು ಹೇಳಿದವರೇ ಎದ್ದು, ಕೋಣೆಗೆ ಹೊಂದಿಕೊಂಡ ಬಾಗಿಲು ತೆರೆದು ಒಳಹೋದಿರಿ. ನಲ್ಲಿಯ ಸದ್ದು ನನಗೂ ಕೇಳಿಸಿತು.

ಸೋಮವಾರ ಬೆಳಿಗ್ಗೆ ನಮ್ಮ ಬಾಗಿಲು ತೆರೆದಿರಬೇಕು, ಒಳಗೆ ನೀರು ಬರಬೇಕು. ಇಲ್ಲವಾದರೆ ಸಂಕೀರ್ಣದ ಹೆಂಗಸರೆಲ್ಲ ನಿಮ್ಮ ಕೋಣೆಯ ಆ ಬಾಗಿಲ ಮುಂದೆ ಸಾಲುಗಟ್ಟುತ್ತೇವೆ. ಎಲ್ಲರಿಗಿಂತ ಮುಂದೆ ನನ್ನ ತಂಗಿ ನಿಲ್ಲುತ್ತಾಳೆ. ನಿಮ್ಮ ಉಪದೇಶದಂತೆ, ಹೊಟ್ಟೆ ತುಂಬ ನೀರು ಕುಡಿದೇ ಬರುತ್ತೇವೆ.

ಇಂತಿ,
ಕಾಲ ಮೇಲೆ ಕಾಲು ಹಾಕಿ ಕೂತಿದ್ದ, ಸಂಸ್ಕೃತಿಯಿಲ್ಲದ ದರ್ಜಿ